ಮೆಸಾಲಾ ಆ ಹೆಂಚನ್ನು ಮುಟ್ಟಿ ನೋಡಿದ್ದ

1959ರ 'ಬೆನ್‌ಹರ್' ಸಿನಿಮಾ ಬಗ್ಗೆ ಬರೆಯುತ್ತಾ ಮೆಸಾಲಾನನ್ನು ಹುಟ್ಟಾ ಖಳನಾಯಕ ಅಂದುಬಿಟ್ಟಿದ್ದೀರಿ. ಅದನ್ನು ಒಪ್ಪೋಕೆ ನನಗೆ ಆಗ್ತಿಲ್ಲ ಸರ್. ವರ್ಷಗಳ ನಂತರ ಸಿಕ್ಕ ಗೆಳೆಯರು, ರೋಮನ್ ಅಧಿಕಾರಿ ಮೆಸಾಲಾ ಮತ್ತು ಯಹೂದಿ ನಾಯಕ ಜೂಡಾ ಬೆನ್‌ಹರ್, ಚಿಕ್ಕಂದಿನಂತೆ ತೊಲೆಗಳು ಕೂಡುವ ಜಾಗಕ್ಕೆ ಗುರಿಯಿಟ್ಟು ಈಟಿ ಎಸೆಯೋ ದೃಶ್ಯ ನೆನಪಿಸಿಕೊಳ್ಳಿ. ಆ ಅಪ್ಪುಗೆ, ಆ ನಗು ಸುಳ್ಳಲ್ಲ. ಜೂಡಾ ಅವನಿಗೆ ಬಿಳಿ ಕುದುರೆಯನ್ನೇ ಉಡುಗೊರೆ ಕೊಡ್ತಾನೆ. ಅದರ ಬೆನ್ನಿಗೇ, ರೋಮಿನ ವಿರುದ್ಧ ಇರುವವರ ಹೆಸರು ಹೇಳು ಅಂತ ಮೆಸಾಲಾ ಪಟ್ಟು ಹಿಡಿಯುತ್ತಾನೆ. ನನ್ನ ಜನರನ್ನು ಹಿಡಿದುಕೊಡಲಾರೆ ಅಂತಾನೆ ಜೂಡಾ. ಸ್ನೇಹ ಮುರಿದದ್ದು ಅಲ್ಲೇ.

ನನ್ನ ಕರುಳು ಹಿಂಡಿದ್ದು ಮಾತ್ರ ಇನ್ನೊಂದು ಕ್ಷಣ. ಜೂಡಾನ ತಂಗಿ ತಿರ್ಜಾಳ ಕೈ ತಗುಲಿ ಅವರ ಮನೆ ಮಾಳಿಗೆಯ ಸಡಿಲ ಹೆಂಚು ಜಾರಿ, ಕೆಳಗೆ ಹೋಗ್ತಿದ್ದ ರೋಮನ್ ರಾಜ್ಯಪಾಲ ಕುದುರೆಯಿಂದ ಬೀಳ್ತಾನಲ್ಲ, ಆಮೇಲೆ ಮೆಸಾಲಾ ಒಬ್ಬನೇ ಮಾಳಿಗೆ ಹತ್ತುತ್ತಾನೆ. ಹೆಂಚಿಗೆ ಕೈ ಇಡ್ತಾನೆ. ಅದೂ ಕಳಚಿ ಬೀಳುತ್ತೆ. ಇದು ಆಕಸ್ಮಿಕ ಅಂತ ಅವನಿಗೆ ಆಗಲೇ ಗೊತ್ತಾಯಿತು! ಆದರೂ ಗೆಳೆಯನನ್ನು ಹಡಗಿನ ಹುಟ್ಟು ಹಾಕೋ ಗುಲಾಮಗಿರಿಗೆ ತಳ್ಳಿದ, ಅನ್ನ ಹಾಕಿದ ಮನೆಯ ತಾಯಿ ಮಗಳನ್ನು ಸೆರೆಗೆ ನೂಕಿದ. ತಿಳಿಯದೆ ಮಾಡಿದ ತಪ್ಪಾಗಿದ್ದರೆ ಇಷ್ಟು ಉರಿಯುತ್ತಿರಲಿಲ್ಲ.

ಕೊನೆಗೆ ಇಬ್ಬರೂ ಎದುರಾಗೋ ರಥದ ಓಟವನ್ನು ಎಲ್ಲರೂ ಹೊಗಳ್ತಾರೆ, ಸರಿಯೇ. ಆದರೆ ಅದು ಮುಗಿದ ಮೇಲಿನದ್ದನ್ನು ನೋಡಿ. ಓಟದಲ್ಲಿ ರಥದಿಂದ ಬಿದ್ದು ಮೈಯೆಲ್ಲ ನುಜ್ಜುಗುಜ್ಜಾಗಿದ್ದರೂ, ಜೂಡಾ ಬರೋವರೆಗೆ ಕಾಲು ಕತ್ತರಿಸಬೇಡಿ ಅಂತ ವೈದ್ಯರನ್ನು ತಡೆದು ಕಾಯ್ತಾನೆ ಮೆಸಾಲಾ. ಅರ್ಧ ಮನುಷ್ಯನಾಗಿ ಆ ಒಬ್ಬನ ಕಣ್ಣಿಗೆ ಬೀಳೋದು ಅವನಿಗೆ ಬೇಡ. ಬಂದವನಿಗೆ ಅವನು ಹೇಳಿದ್ದು, ತಾಯಿ ತಂಗಿಯನ್ನು ಕುಷ್ಠರೋಗಿಗಳ ಕಣಿವೆಯಲ್ಲಿ ಹುಡುಕು ಅಂತ.