ರೋಗಗಳ ಪಟ್ಟಿ ಉದ್ದ, ಡಿಗ್ರಿ ಮಾತ್ರ ನಾಪತ್ತೆ

ಬಿಸಿನೀರಿನ ಬುಗ್ಗೆಯ ಫಲಕ ಓದಿದರೆ ವೈದ್ಯಶಾಸ್ತ್ರವೇ ಬೇಡ ಅನಿಸುತ್ತದೆ. ಸಂಧಿವಾತ, ಚರ್ಮರೋಗ, ಮಧುಮೇಹ, ಬಂಜೆತನ, ಎಲ್ಲವೂ ಗುಣ. ಇಷ್ಟೊಂದು ರೋಗಗಳಿಗೆ ಜಾಗ ಕೊಟ್ಟ ಹಲಗೆಯ ಮೇಲೆ ನೀರು ಎಷ್ಟು ಡಿಗ್ರಿ ಎಂಬ ಒಂದು ಅಂಕಿಗೆ ಜಾಗ ಸಾಲಲಿಲ್ಲ.

ಕೇಳಿದರೆ "ಕಾಲಿಟ್ಟು ನೋಡಿ" ಎನ್ನುತ್ತಾರೆ. ಕಾಲು ಹೇಳುವುದು ಇಟ್ಟ ಜಾಗದ ಸುದ್ದಿ ಮಾತ್ರ. ಎರಡು ಮಾರು ಆಚೆ, ತಳದಿಂದ ನೀರು ಉಕ್ಕುವಲ್ಲಿ, ಲೆಕ್ಕವೇ ಬೇರೆ. 40 ಡಿಗ್ರಿ ಸೆಲ್ಸಿಯಸ್‌ವರೆಗೆ ಅದು ಸ್ನಾನ. 60ರಲ್ಲಿ ಐದಾರು ಸೆಕೆಂಡಿಗೆ ಚರ್ಮ ಆಳದವರೆಗೆ ಬೇಯುತ್ತದೆ. ಮಧುಮೇಹದಿಂದ ಪಾದ ಜೋಮು ಹಿಡಿದವರಿಗೆ ಆ ಕಾಲೂ ನಿಜ ಹೇಳುವುದಿಲ್ಲ. ಫಲಕ ಕೈಬೀಸಿ ಕರೆಯುವುದು ಅವರನ್ನೇ!

ಜ್ವರ ನೋಡುವ ಥರ್ಮಾಮೀಟರ್ ಇಲ್ಲಿಗಾಗದು, ಅದರ ಗೆರೆ 42ರ ಆಸುಪಾಸಿನಲ್ಲೇ ಮುಗಿಯುತ್ತದೆ. 100ರವರೆಗೆ ತೋರಿಸುವಂಥದ್ದನ್ನು ಕೋಲಿಗೆ ಕಟ್ಟಿ ಮೇಲೆ, ತಳದಲ್ಲಿ, ಉಕ್ಕುವ ಬಾಯಿಯ ಹತ್ತಿರ, ಮೂರು ಕಡೆ ಅಳೆದರೆ ಮುಗಿಯಿತು. ಇದರಿಂದ ಯಾವ ರೋಗವೂ ಗುಣವಾಗುವುದಿಲ್ಲ ನೋಡಿ, ಹಾಗಾಗಿ ಯಾರೂ ಅಳೆಯುವುದಿಲ್ಲ.

ಕೊಳೆತ ಮೊಟ್ಟೆಯ ನಾತ ಬಂದಷ್ಟೂ ನೀರಿನ ಶಕ್ತಿ ಹೆಚ್ಚಂತೆ. ಅದು ಹೈಡ್ರೋಜನ್ ಸಲ್ಫೈಡ್ ಎಂಬ ವಿಷಾನಿಲ, ಗಾಳಿಗಿಂತ ಭಾರ. ಕಿಟಕಿಯಿಲ್ಲದ ಸ್ನಾನದ ಕೋಣೆಯಲ್ಲಿ ಕೆಳಗೆ, ಅಂದರೆ ಕುಳಿತವರ ಮೂಗಿನ ಮಟ್ಟದಲ್ಲೇ, ತುಂಬಿಕೊಳ್ಳುತ್ತದೆ. ಸುಮಾರು 100 ಪಿಪಿಎಂ, ಅಂದರೆ ಗಾಳಿಯ ಹತ್ತು ಲಕ್ಷ ಪಾಲಿನಲ್ಲಿ ನೂರು ಪಾಲು, ಆಗುವ ಹೊತ್ತಿಗೆ ಮೂಗೇ ಮರಗಟ್ಟುತ್ತದೆ. "ಈಗ ವಾಸನೆ ಅಭ್ಯಾಸವಾಯ್ತು" ಎನ್ನುವವರು ಮೊದಲು ಹೊರಗೆ ಬರಬೇಕು.

ತಲೆ ಮುಳುಗಿಸದೆ ಫಲವಿಲ್ಲ ಎನ್ನುವ ಸಲಹೆಗಾರರೂ ಇದ್ದಾರೆ. ಮಿದುಳಿಗೆ ಸೋಂಕು ತರುವ ನೇಗ್ಲೇರಿಯಾ ಎಂಬ ಅಮೀಬಾಕ್ಕೆ 46 ಡಿಗ್ರಿವರೆಗೂ ಹಾಯಿ. ನೀರು ಕುಡಿದರೆ ಅದು ಮಿದುಳಿಗೆ ಹೋಗುವುದಿಲ್ಲ, ಮೂಗಿನಿಂದ ಹೋಗುತ್ತದೆ. ಸೋಂಕು ತೀರಾ ಅಪರೂಪ, ತಗುಲಿದವರಲ್ಲಿ ಬದುಕುಳಿಯುವುದು ಇನ್ನೂ ಅಪರೂಪ.

ಬೆವರಿನಲ್ಲಿ ವಿಷವೆಲ್ಲ ಹೊರಬರುವುದಂತೂ ಜನಪ್ರಿಯ ಕಥೆ. ಬರುವುದು ಬಹುಪಾಲು ನೀರು ಮತ್ತು ಉಪ್ಪು. ಉಳಿದ ಕೆಲಸ ಯಕೃತ್ತು, ಮೂತ್ರಪಿಂಡಗಳದ್ದು. ಬಿಸಿಗೆ ರಕ್ತನಾಳ ಹಿಗ್ಗಿ, ದೇಹ ಹಗುರಾಗಿ ಕೀಲುನೋವು ಸ್ವಲ್ಪ ಹೊತ್ತು ಇಳಿಯುವುದು ನಿಜ. ಅದೇ ಹಿಗ್ಗಿದ ರಕ್ತನಾಳ, ದಿಢೀರನೆ ಎದ್ದವರ ಬಿಪಿ ಇಳಿಸಿ ಒದ್ದೆ ಮೆಟ್ಟಿಲ ಮೇಲೆ ಕೆಡವುತ್ತದೆ. ಮದ್ಯ ಕುಡಿದವರನ್ನು, ಬಿಪಿ ಮಾತ್ರೆ ನುಂಗಿದವರನ್ನು ಇನ್ನೂ ಬೇಗ. 10–15 ನಿಮಿಷಕ್ಕೆ ಏಳಬೇಕು, ಮೆಲ್ಲಗೆ. ಎದ್ದ ಮೇಲೆ ನೀರು ಕುಡಿಯಬೇಕು. ಗರ್ಭಿಣಿಯರು ವೈದ್ಯರನ್ನು ಕೇಳದೆ ಇಳಿಯಲೇಬಾರದು.

ಕಣ್ಣು ಕತ್ತಲೆಗಟ್ಟಿ ಕುಸಿದವರನ್ನು ನಾಲ್ಕು ಜನ ಎತ್ತಿ ಕೂರಿಸುತ್ತಾರೆ, ಐದನೆಯವರು "ನೀರು ಕೆಲಸ ಶುರು ಮಾಡಿದೆ" ಎನ್ನುತ್ತಾರೆ. ಮುಂದಿನ ಸಲ ಬಣ್ಣ ಬಳಿಸುವಾಗ ಫಲಕದಲ್ಲಿ ತಲೆಸುತ್ತೂ ಸೇರುತ್ತದೆ, ಗುಣವಾಗುವ ರೋಗಗಳ ಸಾಲಿನಲ್ಲಿ.