ಕ್ಯಾಪ್ಟನ್ ನೀಮೋ ಟಿಪ್ಪುವಿನ ಸಂಬಂಧಿಯೇ? ಸತ್ಯಾಂಶ ಇಲ್ಲಿದೆ

‘ಟಿಪ್ಪು ಸುಲ್ತಾನನ ಸಂಬಂಧಿ ಕ್ಯಾಪ್ಟನ್ ನೀಮೋ ಜಗತ್ತಿನ ಮೊದಲ ಜಲಾಂತರ್ಗಾಮಿ ಕಟ್ಟಿದ, ಬ್ರಿಟಿಷರು ಅದನ್ನು ಮುಚ್ಚಿಟ್ಟರು’ ಎಂಬ ಸಂದೇಶವನ್ನು ನಂಬಬೇಡಿ. ನೀಮೋ ಬದುಕಿದ್ದ ಮನುಷ್ಯನಲ್ಲ. ಫ್ರೆಂಚ್ ಲೇಖಕ ಜೂಲ್ಸ್ ವೆರ್ನ್ ಸೃಷ್ಟಿಸಿದ ಪಾತ್ರ.

ಆದರೆ ಟಿಪ್ಪುವಿನ ಮಾತು ಸುಮ್ನೆ ಹುಟ್ಟಿದ್ದಲ್ಲ. ನೀಮೋ ಮೊದಲು ಕಾಣಿಸಿಕೊಂಡದ್ದು 1869-70ರಲ್ಲಿ ಧಾರಾವಾಹಿಯಾಗಿ ಬಂದ ‘ಟ್ವೆಂಟಿ ಥೌಸಂಡ್ ಲೀಗ್ಸ್ ಅಂಡರ್ ದ ಸೀಸ್’ ಕಾದಂಬರಿಯಲ್ಲಿ. ಅದರಲ್ಲಿ ಅವನು ಯಾವ ದೇಶದವನೆಂದೇ ಗೊತ್ತಾಗುವುದಿಲ್ಲ. ಅವನನ್ನು ರಷ್ಯಾದ ಮೇಲೆ ಸಿಟ್ಟಿರುವ ಪೋಲೆಂಡಿನವನನ್ನಾಗಿ ಮಾಡಬೇಕೆಂದು ವೆರ್ನ್‌ಗೆ ಆಸೆಯಿತ್ತು. ಪ್ರಕಾಶಕ ಹೆಟ್ಜೆಲ್ ಒಪ್ಪಲಿಲ್ಲ. 1874-75ರಲ್ಲಿ ಬಂದ ವೆರ್ನ್‌ನ ಇನ್ನೊಂದು ಕಾದಂಬರಿ ‘ದಿ ಮಿಸ್ಟೀರಿಯಸ್ ಐಲ್ಯಾಂಡ್’ನಲ್ಲಿ ಗುಟ್ಟು ಬಿಚ್ಚಿಕೊಂಡಿತು: ನೀಮೋ ಬುಂದೇಲಖಂಡದ ರಾಜಕುಮಾರ ಡಕ್ಕರ್, ಟಿಪ್ಪುವಿನ ಸೋದರಳಿಯ, 1857ರ ದಂಗೆಯಲ್ಲಿ ಹೋರಾಡಿ ಮನೆಯವರನ್ನು ಕಳೆದುಕೊಂಡವನು. ದೂರದ ಫ್ರಾನ್ಸಿನ ಕಾದಂಬರಿಕಾರನೊಬ್ಬ ನಮ್ಮ ಟಿಪ್ಪುವನ್ನು ಭಾರತದ ವೀರ ಎಂದು ಕರೆದದ್ದು ಆ ಸುಳ್ಳು ಸಂದೇಶಕ್ಕಿಂತ ಜಾಸ್ತಿ ಹೆಮ್ಮೆಯ ವಿಷಯ ಅಲ್ವಾ?

ಮೊದಲ ಜಲಾಂತರ್ಗಾಮಿಯ ಮಾತೂ ತಪ್ಪು. 1620ರ ಸುಮಾರಿಗೇ ಡಚ್ ಸಂಶೋಧಕ ಡ್ರೆಬೆಲ್ ಲಂಡನ್ನಿನ ಥೇಮ್ಸ್ ನದಿಯಲ್ಲಿ ಹುಟ್ಟು ಹಾಕಿ ನಡೆಸುವ ಮುಳುಗುದೋಣಿ ತೋರಿಸಿದ್ದ. ಕಾದಂಬರಿಯಲ್ಲಿ ನೀಮೋನ ಜಲಾಂತರ್ಗಾಮಿಗಿರುವ ‘ನಾಟಿಲಸ್’ ಎಂಬ ಹೆಸರೂ ಹಳೆಯದು. 1800ರಲ್ಲಿ ಅಮೆರಿಕದ ಸಂಶೋಧಕ ರಾಬರ್ಟ್ ಫುಲ್ಟನ್ ಫ್ರಾನ್ಸಿನಲ್ಲಿ ಪರೀಕ್ಷಿಸಿದ ಜಲಾಂತರ್ಗಾಮಿಗೆ ಅದೇ ಹೆಸರಿತ್ತು. ಅಮೆರಿಕ 1954ರಲ್ಲಿ ನೀರಿಗಿಳಿಸಿದ ಮೊದಲ ಅಣುಶಕ್ತಿ ಜಲಾಂತರ್ಗಾಮಿಯೂ ‘ನಾಟಿಲಸ್’. ಅದು 1958ರಲ್ಲಿ ಉತ್ತರ ಧ್ರುವದ ಮಂಜುಗಡ್ಡೆಯ ಅಡಿಯಲ್ಲೇ ಹಾದುಹೋಯಿತು. ಕಾದಂಬರಿಯ ನೀಮೋ ತಲುಪಿದ್ದು ದಕ್ಷಿಣ ಧ್ರುವವನ್ನು.