ಕೋಪಾ ಅಮೆರಿಕ ಅಂದಾಗ ಗ್ರಾದಿನ್ ಹೆಸರೂ ಬರಬೇಕು

ದಕ್ಷಿಣ ಅಮೆರಿಕದ ದೇಶಗಳ ಫುಟ್ಬಾಲ್ ಟೂರ್ನಿ ಕೋಪಾ ಅಮೆರಿಕ ಬಂದರೆ ನಮ್ಮಲ್ಲೂ ಬೆಳಗಿನ ಜಾವಕ್ಕೆ ಅಲಾರಂ ಇಟ್ಟು ಏಳುವವರಿದ್ದಾರೆ. ನಾನೂ ಅವರಲ್ಲಿ ಒಬ್ಬ. ಮೆಸ್ಸಿ ಎಷ್ಟು ಕಪ್ ಗೆದ್ದ, ಉರುಗ್ವೆ ಎಷ್ಟು ಗೆದ್ದಿತು ಅಂತ ಗಂಟೆಗಟ್ಟಲೆ ವಾದ ಮಾಡುತ್ತೇವೆ. ಈ ಟೂರ್ನಿಯ ಮೊಟ್ಟಮೊದಲ ಪಂದ್ಯದಲ್ಲಿ ಏನಾಯ್ತು ಅನ್ನೋದು ಮಾತ್ರ ಯಾರ ಬಾಯಲ್ಲೂ ಬರುವುದಿಲ್ಲ.

1916ರ ಜುಲೈ 2, ಬ್ಯೂನಸ್ ಐರಿಸ್. ಅರ್ಜೆಂಟೀನಾ ಸ್ವಾತಂತ್ರ್ಯ ಘೋಷಿಸಿಕೊಂಡು ನೂರು ವರ್ಷವಾದ ಸಂಭ್ರಮಕ್ಕೆ ನಾಲ್ಕು ದೇಶಗಳ ಟೂರ್ನಿ. ಅರ್ಜೆಂಟೀನಾ, ಉರುಗ್ವೆ, ಬ್ರೆಜಿಲ್, ಚಿಲಿ. ಮೊದಲ ಪಂದ್ಯದಲ್ಲಿ ಉರುಗ್ವೆ ಚಿಲಿಯನ್ನು 4-0ಯಿಂದ ಸೋಲಿಸಿತು. ಎರಡು ಗೋಲು ಪಿಯೆಂದಿಬೆನೆಯದು, ಇನ್ನೆರಡು ಇಸಬೆಲಿನೊ ಗ್ರಾದಿನ್‌ದು. ಗ್ರಾದಿನ್ ಕಪ್ಪು ಹುಡುಗ, 19 ಇನ್ನೂ ತುಂಬಿರಲಿಲ್ಲ. ಅದೇ ತಂಡದಲ್ಲಿ ಹುವಾನ್ ದೆಲ್ಗಾದೊ ಎಂಬ ಇನ್ನೊಬ್ಬ ಕಪ್ಪು ಆಟಗಾರನೂ ಇದ್ದ.

ಚಿಲಿ ದೂರು ಕೊಟ್ಟಿತು. ಉರುಗ್ವೆ ಇಬ್ಬರು ಆಫ್ರಿಕನ್ನರನ್ನು ಆಡಿಸಿದೆ, ಪಂದ್ಯ ರದ್ದು ಮಾಡಿ ಅಂತ! ಆ ಇಬ್ಬರೂ ಗುಲಾಮರಾಗಿ ಬಂದವರ ವಂಶದವರು ಅನ್ನೋದು ನಿಜ. ಆದರೆ ಉರುಗ್ವೆ ಅವರದೇ ದೇಶ. ಗ್ರಾದಿನ್ ಹುಟ್ಟಿ ಬೆಳೆದದ್ದು ಮೊಂಟೆವಿಡಿಯೊದಲ್ಲಿ, ಆಡಿದ್ದು ಅಲ್ಲಿನ ಪೆನ್ಯರೋಲ್ ಕ್ಲಬ್‌ಗೆ. ಮೈಬಣ್ಣ ನೋಡಿ ನೀನು ಈ ದೇಶದವನಲ್ಲ ಅನ್ನೋದು ಎಷ್ಟು ಹಳೆಯ ರೋಗ ನೋಡಿ.

ದೂರಿಗೆ ಬೆಲೆ ಸಿಗಲಿಲ್ಲ. ಉರುಗ್ವೆ ಗ್ರಾದಿನ್‌ನನ್ನು ಹೊರಗೆ ಕೂರಿಸಲಿಲ್ಲ. ಜುಲೈ 12ರಂದು ಬ್ರೆಜಿಲ್ ಎದುರು ತಂಡ ಒಂದು ಗೋಲು ಹಿಂದಿತ್ತು. ಸಮ ಮಾಡಿದವನು ಅವನೇ. ಆಮೇಲೆ ತೊಗ್ನೋಲಾ ಇನ್ನೊಂದು ಹೊಡೆದ, ಉರುಗ್ವೆ 2-1ರಿಂದ ಗೆದ್ದಿತು. ಒಟ್ಟು 3 ಗೋಲು ಹೊಡೆದು ಟೂರ್ನಿಯಲ್ಲೇ ಜಾಸ್ತಿ ಗೋಲು ಗಳಿಸಿದವನು ಗ್ರಾದಿನ್.

ಆ ದಿನ ಬ್ರೆಜಿಲ್ ಪರ ಗೋಲು ಹೊಡೆದವನು ಆರ್ತುರ್ ಫ್ರೀಡೆನ್‌ರೈಖ್. ಅಪ್ಪನದು ಜರ್ಮನ್ ಮೂಲ, ಅಮ್ಮ ಕಪ್ಪು ಹೆಂಗಸು. ಬ್ರೆಜಿಲ್‌ನಲ್ಲಿ ಗುಲಾಮಗಿರಿ ನಿಂತದ್ದು 1888ರಲ್ಲಿ, ಇವನು ಹುಟ್ಟಿದ್ದು 1892ರಲ್ಲಿ. ಪಂದ್ಯಕ್ಕೆ ಮೊದಲು ತನ್ನ ಗುಂಗುರು ಕೂದಲನ್ನು ನೇರ ಮಾಡಿಕೊಳ್ಳಲು ಬಹಳ ಹೊತ್ತು ತೆಗೆದುಕೊಳ್ಳುತ್ತಿದ್ದ ಅಂತ ಹೇಳುತ್ತಾರೆ. ಇದನ್ನು ಓದಿದಾಗ ನನಗೆ ತುಂಬಾ ಸಂಕಟವಾಯಿತು. ಅಂಥ ಆಟ ಕೈಯಲ್ಲಿ, ಅಲ್ಲ, ಕಾಲಲ್ಲಿದ್ದವನಿಗೂ ಮೈದಾನಕ್ಕೆ ಇಳಿಯುವ ಮೊದಲು ಕನ್ನಡಿ ಮುಂದೆ ನಿಲ್ಲಬೇಕಿತ್ತು.

ಟೂರ್ನಿಯಲ್ಲಿ ಬೇರೆ ಗಲಾಟೆಯೂ ಆಯ್ತು. ಜುಲೈ 16ರಂದು ಅರ್ಜೆಂಟೀನಾ-ಉರುಗ್ವೆ ಕೊನೆಯ ಪಂದ್ಯಕ್ಕೆ ಮೈದಾನ ಹಿಡಿಸದಷ್ಟು ಜನ ಬಂದರು. ಆಟ ಐದೇ ನಿಮಿಷಕ್ಕೆ ನಿಂತಿತು, ರೊಚ್ಚಿಗೆದ್ದ ಜನ ಸ್ಟ್ಯಾಂಡ್‌ಗೇ ಬೆಂಕಿ ಇಟ್ಟರು. ಮಾರನೇ ದಿನ ಪಕ್ಕದ ಊರು ಅವೆಯಾನೆದದಲ್ಲಿ ಮತ್ತೆ ಆಡಿಸಿದರು. 0-0. ಒಂದು ಅಂಕ ಜಾಸ್ತಿ ಇದ್ದ ಉರುಗ್ವೆ ಚಾಂಪಿಯನ್. ಈ ನಡುವೆಯೇ, ಜುಲೈ 9ರಂದು, ದಕ್ಷಿಣ ಅಮೆರಿಕದ ಫುಟ್ಬಾಲ್ ಒಕ್ಕೂಟ ಕಾನ್ಮೆಬಾಲ್ ಹುಟ್ಟಿತು. ಬೆಂಕಿಯ ಕತೆಯನ್ನು ಎಲ್ಲರೂ ರಸವತ್ತಾಗಿ ಹೇಳುತ್ತಾರೆ, ಚಿಲಿಯ ದೂರನ್ನು ಒಂದು ಸಾಲಲ್ಲಿ ಮುಗಿಸುತ್ತಾರೆ. ನನ್ನ ತಕರಾರು ಇರುವುದೇ ಇಲ್ಲಿ.

ಯಾಕೆಂದರೆ ಅದು ಮುಗಿದ ಕತೆಯಲ್ಲ. 2024ರ ಕೋಪಾ ಗೆದ್ದ ಮೇಲೆ ಅರ್ಜೆಂಟೀನಾ ಆಟಗಾರರು ಬಸ್ಸಿನಲ್ಲಿ ಏನು ಹಾಡಿದರು ನೆನಪಿದೆಯಾ? ಫ್ರಾನ್ಸ್ ತಂಡದ ಕಪ್ಪು ಆಟಗಾರರ ಅಪ್ಪ ಅಮ್ಮ ಎಲ್ಲಿಯವರು ಅಂತ ಹೀಯಾಳಿಸುವ ಹಾಡು. ಅವರಲ್ಲೊಬ್ಬರಾದ ಎಂಜೊ ಫರ್ನಾಂಡಿಸ್ ಅದನ್ನು ಲೈವ್ ಹಾಕಿದರು. ಆಗ ಇಂಗ್ಲೆಂಡಿನ ಚೆಲ್ಸಿ ಕ್ಲಬ್‌ನಲ್ಲಿ ಅವರ ಜೊತೆಗೇ ಆಡುತ್ತಿದ್ದ ಫ್ರಾನ್ಸ್‌ನ ವೆಸ್ಲಿ ಫೊಫಾನಾ ಬಹಿರಂಗವಾಗಿ ಖಂಡಿಸಿದರು. ಎಂಜೊ ಕ್ಷಮೆ ಕೇಳಿದರು. ಆದರೆ ಆಗ ನಮ್ಮ ಫ್ಯಾನ್ ಗ್ರೂಪ್‌ಗಳಲ್ಲಿ ಬಂದ ಮಾತೇನು? 'ಗೆದ್ದ ಖುಷಿಯಲ್ಲಿ ಹಾಡಿದ್ದಾರೆ, ಬಿಡಿ ಗುರು.' ಬಿಡೋಕಾಗಲ್ಲ ಗುರು. ಆ ಹಾಡಿನಲ್ಲಿದ್ದ ಮಾತೇ 1916ರ ದೂರಿನಲ್ಲೂ ಇತ್ತು. ನಾನು ಅರ್ಜೆಂಟೀನಾ ಅಭಿಮಾನಿಯಾಗಿಯೇ ಇದನ್ನು ಹೇಳುತ್ತಿದ್ದೇನೆ.

ಬೆಂಗಳೂರಿನ ಹಲಸೂರಿನ ಹತ್ತಿರ ಗೌತಮಪುರ ಇದೆ. ಅಲ್ಲಿನ ಜನ ಬುದ್ಧ, ಅಂಬೇಡ್ಕರ್ ಜೊತೆಗೆ ಬ್ರೆಜಿಲ್‌ನ ಕಪ್ಪು ಆಟಗಾರ ಪೆಲೆಯ ಪ್ರತಿಮೆಯನ್ನೂ ನಿಲ್ಲಿಸಿದ್ದಾರೆ. ಪೆಲೆ ಅಲ್ಲಿ ಯಾಕೆ ನಿಂತಿದ್ದಾನೆ ಅಂತ ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಹುಟ್ಟಿನಿಂದ ಮನುಷ್ಯನನ್ನು ಅಳೆಯುವುದು ನಮಗೇನು ಹೊಸದಾ?

ಗ್ರಾದಿನ್ ಓಟಗಾರನೂ ಆಗಿದ್ದ. 1919ರಲ್ಲಿ 200 ಮತ್ತು 400 ಮೀಟರ್ ಓಟದಲ್ಲಿ ದಕ್ಷಿಣ ಅಮೆರಿಕದ ಚಾಂಪಿಯನ್ ಆದ. 1944ರಲ್ಲಿ ಬಡತನದಲ್ಲೇ ತೀರಿಕೊಂಡ. ಮುಂದಿನ ಕೋಪಾ ಹೊತ್ತಿಗೆ ಮತ್ತೆ ಪೋಸ್ಟರ್, ರೀಲ್ಸ್, ಹಳೇ ಚಾಂಪಿಯನ್ನರ ಪಟ್ಟಿ ಎಲ್ಲಾ ಬರುತ್ತವೆ. ಅವನ್ನು ಮಾಡುವ ಗೆಳೆಯರಲ್ಲಿ ನನ್ನ ಕೋರಿಕೆ ಇಷ್ಟೇ: 1916 ಅಂತ ಬರೆದ ಕಡೆ ಬರೀ ಉರುಗ್ವೆ ಅಂತ ಬರೆದು ಬಿಡಬೇಡಿ. ಗ್ರಾದಿನ್, ದೆಲ್ಗಾದೊ ಹೆಸರನ್ನೂ ಹಾಕಿ, ಚಿಲಿ ಏನಂತ ದೂರು ಕೊಟ್ಟಿತ್ತು ಅನ್ನೋದನ್ನೂ ಹಾಕಿ.